ಬೇಡ ಅಂದ್ರೆ ಬೇಡ

ನಮ್ಮ ಸೋದರಮಾವನ ಮೇಲಿನ ಸಿಟ್ಟು ನನಗೆ ಇನ್ನೂ ಇಳಿದಿಲ್ಲ. ಇಳಿಸಿಕೊಳ್ಳುವ ಪ್ರಯತ್ನವನ್ನೂ ನಾನು ಮಾಡಿಲ್ಲ. ನನ್ನ ಬ್ಯಾಂಡನ್ನು ಮುಗಿಸಿದವರು ಅವರು. ವರ್ಷ ತುಂಬದ ಬ್ಯಾಂಡು, ಹೆಸರು ಕೂಡ ಸರಿಯಾಗಿ ಇಟ್ಟಿರಲಿಲ್ಲ, ಎಲ್ಲ ನಿಜ. ಆದರೂ ನನ್ನದು.

ಎಪ್ಪತ್ತರ ದಶಕದ ಮೊದಮೊದಲ ವರ್ಷಗಳವು. ಅಪ್ಪ ಕೊಚ್ಚಿ ಪಕ್ಕದ ಏಲೂರಿನ ಬ್ಯಾಂಕ್ ಶಾಖೆಯಲ್ಲಿದ್ದರು, ನಾನು ಕಾಲೇಜಿನಲ್ಲಿದ್ದೆ. ಗಿಟಾರು ನನ್ನದು. ಡ್ರಮ್ಮು ಒಬ್ಬನದು, ಬೇಸ್ ಗಿಟಾರು ಇನ್ನೊಬ್ಬನದು; ಇಬ್ಬರೂ ನನ್ನ ತರಗತಿಯ ಮಲಯಾಳಿ ಹುಡುಗರು. ಗಿಟಾರಿನ ಮೇಲೆ ಬೆರಳಿಡುವ ಮೂರೇ ಮೂರು ಬಗೆ ನನಗೆ ಬರುತ್ತಿತ್ತು. ಆ ಮೂರನ್ನೇ ಮನೆಗೆ ಬೆಂಕಿ ಬಿದ್ದವನ ಹಾಗೆ ಬಾರಿಸುತ್ತಿದ್ದೆ.

ಕೊಚ್ಚಿಯ ಕ್ಲಬ್ಬುಗಳವರು ಆಗಾಗ ಕರೆಯುತ್ತಿದ್ದರು. ಕರೆದು, ಸಿನಿಮಾ ಹಾಡು ನುಡಿಸಿ ಅನ್ನುತ್ತಿದ್ದರು. ಮಟನ್ ಕಟ್ಲೆಟ್ ಮೆಲ್ಲುತ್ತಾ, ನಮಗೆ ಬೆನ್ನು ಹಾಕಿಕೊಂಡು ಕೂತವರಿಗಾಗಿ ಸಿನಿಮಾ ಹಾಡು ಬಾರಿಸಿ ಬಾರಿಸಿ ನನಗೆ ವಾಕರಿಕೆ ಬಂದಿತ್ತು. ನಾನೇ ಕಟ್ಟಿದ ಒಂದು ಕನ್ನಡ ಹಾಡಿತ್ತು. ಪ್ರಶ್ನೆ ನಾನು ಹಾಡಬೇಕು, ಉತ್ತರ ಮಿಕ್ಕವರು ಕೂಗಬೇಕು.

ತಲೆಗೆ ಎಣ್ಣೆ? ಬೇಡ.
ಬ್ಯಾಂಕ್ ಪರೀಕ್ಷೆ? ಬೇಡ.
ಬೆಳಗ್ಗೆ ಎದ್ದು ಬುದ್ಧಿಮಾತು? ಬೇಡ ಅಂದ್ರೆ ಬೇಡ.

ದೊಡ್ಡ ಸಾಹಿತ್ಯವೇನಲ್ಲ, ಗೊತ್ತು. ಆದರೆ ಆ ಹಾಡನ್ನು ಒಂದೇ ಒಂದು ಸಲ, ಅರ್ಥವಾಗುವವರ ಮುಂದೆ, ಕೊನೆಯವರೆಗೆ ಹಾಡಬೇಕು ಅನ್ನುವುದು ನನಗೆ ಹುಚ್ಚಿನಂತೆ ಹಿಡಿದಿತ್ತು. ಕೊಚ್ಚಿಯಲ್ಲಿ ಎರಡನೆಯ ಚರಣ ದಾಟಲು ಯಾರೂ ಬಿಟ್ಟಿರಲಿಲ್ಲ. ಕೂಗು ಹಾಕಿ ಇಳಿಸಿಬಿಡುತ್ತಿದ್ದರು.

ಮಾವ ತಿರುವನಂತಪುರದಲ್ಲಿ ಕೇಂದ್ರ ಸರ್ಕಾರದ ಕಚೇರಿಯೊಂದರಲ್ಲಿದ್ದರು. ಅಲ್ಲಿನ ಕನ್ನಡ ಸಂಘಕ್ಕೆ ಅವರೇ ಅಧ್ಯಕ್ಷರು. ವಾರ್ಷಿಕೋತ್ಸವಕ್ಕೆ ನಿನ್ನ ಪಾರ್ಟಿ ಕರ್ಕೊಂಡು ಬಾ, ಆದರೆ ಕನ್ನಡ ಹಾಡು ಮಾತ್ರ ಹಾಡಬೇಕು ಅಂತ ಅಮ್ಮನ ಹತ್ತಿರ ಹೇಳಿ ಕಳಿಸಿದರು. ನನಗೆ ಕುಣಿಯುವಷ್ಟು ಖುಷಿಯಾಯಿತು.

ವಾರ್ಷಿಕೋತ್ಸವದ ದಿನ ಬೆಳಗ್ಗೆ ಪಟ್ಟಂ ಬಡಾವಣೆಯ ಅವರ ಮನೆಯಲ್ಲಿ ದೋಸೆ ತಿನ್ನುತ್ತಿದ್ದೆವು. ಮಾವನ ಮಗಳಿಗೆ ಆಗ ಏಳೋ ಎಂಟೋ ವರ್ಷ.

"ಇನ್ನೊಂದು ಹಾಕ್ಲಾ ಪುಟ್ಟಿ?" ಅಂದರು ಅತ್ತೆ.

"ವೇಂಡ," ಅಂದಳು. ಬೇಡ ಅನ್ನುವುದಕ್ಕೆ ಮಲಯಾಳದ ಮಾತು.

"ಬೇಡ ಅನ್ನೇ. ಎಷ್ಟು ಸಲ ಹೇಳ್ಬೇಕು ನಿಂಗೆ?" ಮಾವ ಅವಳ ಕಿವಿ ಹಿಂಡಿದರು.

ಹುಡುಗಿ ತಟ್ಟೆ ನೋಡಿಕೊಂಡು ಮತ್ತೆ "ವೇಂಡ" ಅಂದಳು.

ಸಂಜೆ ಶಾಲೆಯೊಂದರ ಹಾಲಿನಲ್ಲಿ ಕಾರ್ಯಕ್ರಮ. ಮೈಕ್ ಸೆಟ್ಟು ಚಾಲೈ ಪೇಟೆಯಿಂದ ಬಾಡಿಗೆಗೆ ಬಂದಿತ್ತು. ಮಾವ ಸ್ವಾಗತ ಭಾಷಣದಲ್ಲಿ, "ನಮ್ಮ ಮಕ್ಕಳ ಬಾಯಲ್ಲಿ ಕನ್ನಡವೇ ಹೊರಡುತ್ತಿಲ್ಲವಲ್ಲ" ಅಂದರು. ಹೆಂಗಸರು ಕಣ್ಣೊರೆಸಿಕೊಂಡರು. ಆಮೇಲೆ ನಮ್ಮ ಸರದಿ.

ಶುರು ಮಾಡುತ್ತಲೇ ಮುಂದಿನ ಸಾಲಿನ ದೊಡ್ಡವರು ಮೂಗು ಮುರಿದರು. ಮೊದಲ ಪ್ರಶ್ನೆಗೆ ನನ್ನ ಗೆಳೆಯರಿಬ್ಬರೇ ಉತ್ತರ ಕೂಗಿದರು. ಎರಡನೆಯದಕ್ಕೆ ಮಕ್ಕಳ ಕಡೆಯಿಂದ ಒಂದು ಸಣ್ಣ ದನಿ ಸೇರಿಕೊಂಡಿತು. ನೋಡಿದರೆ ಮಾವನ ಮಗಳು. ಮೂರನೆಯದಕ್ಕೆ ಅಷ್ಟೂ ಮಕ್ಕಳು ಬೆಂಚು ಹತ್ತಿದ್ದರು. ಮನೆಯಲ್ಲಿ ಕನ್ನಡದಲ್ಲಿ ಕೇಳಿದರೆ ಮಲಯಾಳದಲ್ಲೋ ಇಂಗ್ಲಿಷಿನಲ್ಲೋ ಉತ್ತರಿಸುವ ಮಕ್ಕಳು, ಕತ್ತಿನ ನರ ಉಬ್ಬಿಸಿಕೊಂಡು ಅಚ್ಚ ಕನ್ನಡದಲ್ಲಿ "ಬೇಡ ಅಂದ್ರೆ ಬೇಡ" ಅಂತ ಕಿರುಚುತ್ತಿದ್ದರು. ನನಗೆ ಕಣ್ಣು ತುಂಬಿ ಬಂತು. ಅಂಥ ಸಂತೋಷ ನಾನು ಆಮೇಲೆ ಕಂಡಿಲ್ಲ.

ಕೊನೆಯ ಚರಣಕ್ಕೆ ಬಂದಾಗ ಮೈಕು ಸತ್ತಿತು. ತಿರುಗಿ ನೋಡಿದರೆ ಮಾವ, ಕಿತ್ತ ಪ್ಲಗ್ಗು ಕೈಯಲ್ಲಿ ಹಿಡಿದುಕೊಂಡು ವೇದಿಕೆ ಹತ್ತುತ್ತಿದ್ದರು.

"ಏನೋ ಇದು ಅಸಹ್ಯ? ಕನ್ನಡಕ್ಕೆ ಒಂದು ಮರ್ಯಾದೆ ಬೇಡವೇನೋ?"

"ಬೇಡ," ಅಂತ ಮಕ್ಕಳೆಲ್ಲ ಒಟ್ಟಿಗೆ ಕೂಗಿದರು. ಹಾಡು ಇನ್ನೂ ನಡೆಯುತ್ತಿದೆ ಅಂದುಕೊಂಡಿದ್ದವು ಪಾಪ.

ಮಾವನ ಮುಖ ಕೆಂಪೇರಿತು. ಮಕ್ಕಳ ಕಡೆ ತಿರುಗಿ, "ಮಿಂಡಾದಿರಿಕ್ಕಿನ್" ಅಂತ ಗದರಿದರು. ಬಾಯಿ ಮುಚ್ಚಿಕೊಂಡಿರಿ ಅಂತ, ಮಲಯಾಳದಲ್ಲಿ. ಕನ್ನಡ ಸಂಘದ ವೇದಿಕೆಯ ಮೇಲೆ ಅಧ್ಯಕ್ಷರಿಗೆ ಬಾಯಿಗೆ ಬಂದದ್ದು ಅದು. ಮಕ್ಕಳು ಬೆಂಚಿನಿಂದ ಇಳಿದರು.

"ಮಾವ, ಒಂದು ಚರಣ ಉಳಿದಿದೆ," ಅಂದೆ.

"ಇಳಿಯೋ ಕೆಳಗೆ."

ಡ್ರಮ್ಮಿನವನು ಚೀಲ ಕಟ್ಟುತ್ತಾ ನನ್ನನ್ನು ಮಲಯಾಳದಲ್ಲಿ ಕೇಳಿದ, "ಇವರು ನಿನ್ನ ಜನಾನೇ ಅಲ್ವೇನೋ?" ಅವರಿಬ್ಬರೂ ಊಟಕ್ಕೂ ನಿಲ್ಲದೆ ರೈಲು ಹಿಡಿದರು. ಏಲೂರಿಗೆ ಮರಳಿದ ಮೇಲೆ ಒಬ್ಬನೂ ಅಭ್ಯಾಸಕ್ಕೆ ಬರಲಿಲ್ಲ. ಬ್ಯಾಂಡು ಅಲ್ಲಿಗೆ ಮುಗಿಯಿತು.

ನಾನು ಮಾತ್ರ ಅಂದು ಊಟದ ಪಂಕ್ತಿಯಲ್ಲಿ ಹಲ್ಲು ಕಚ್ಚಿಕೊಂಡು ಕೂತಿದ್ದೆ. ಎದುರಿನ ಸಾಲಿನಲ್ಲಿ ಮಕ್ಕಳು, ಒಂದೂ ಉಸಿರೆತ್ತುತ್ತಿರಲಿಲ್ಲ. ಅತ್ತೆ ಹೋಳಿಗೆ ಬಡಿಸುತ್ತಾ ಬಂದರು.

"ಹಾಕ್ಲಾ ಪುಟ್ಟಿ?"

ಹುಡುಗಿ ಎಲೆಯ ಮೇಲೆ ಕೈ ಅಡ್ಡ ಹಿಡಿದು ಅಪ್ಪನ ಮುಖ ನೋಡಿದಳು.

"ವೇಂಡ," ಅಂದಳು.

ತುಪ್ಪದ ಗಿಂಡಿ ಹಿಡಿದು ಪಕ್ಕದಲ್ಲೇ ನಿಂತಿದ್ದ ಮಾವ ಈ ಸಲ ಅವಳನ್ನು ತಿದ್ದಲಿಲ್ಲ.