ಎರಡು ಬೆರಳು ಸಾಲದ ದಾರ

ನನ್ನ ಎದೆಯ ಸುತ್ತಳತೆ ಎಷ್ಟೆಂದು ನಲವತ್ತರ ಹತ್ತಿರ ಬರುವವರೆಗೆ ನನಗೆ ಗೊತ್ತಿರಲಿಲ್ಲ. ಹೀಗೆಂದು ಹೇಳಿಕೊಳ್ಳಲು ನನಗೇನೂ ನಾಚಿಕೆಯಿಲ್ಲ. ಓದಲು ನಾಚಿಕೆಯಾಗುವ ಗಂಡಸರು ಪುಟ ಮಗುಚಿ ಮುಂದೆ ಹೋಗಬಹುದು. ಯಾರೂ ಹೋಗುವುದಿಲ್ಲವೆಂದು ಗೊತ್ತು.

ನೀವೇ ಯೋಚಿಸಿ, ನಮ್ಮ ಮೈಯ ಅಳತೆ ನಮಗಿಂತ ಬೇರೆಯವರಿಗೇ ಹೆಚ್ಚು ಗೊತ್ತು. ಮಣಿಕಟ್ಟಿನ ಅಳತೆ ಬಳೆಗಾರನಿಗೆ ಗೊತ್ತು. ಕೈ ಹಿಚುಕಿ ನೋಡಿ, ಈ ವರ್ಷ ಮನೆಯಲ್ಲಿ ತುಪ್ಪ ಎಷ್ಟು ಖರ್ಚಾಗಿದೆ ಎಂಬುದನ್ನೂ ಹೇಳಿಬಿಡುತ್ತಾನೆ. ಪಾದದ ಅಳತೆ ಚಪ್ಪಲಿ ಹೊಲಿಯುವವನಿಗೆ ಗೊತ್ತು. ಅದೇ ಪಾದದ ಅಳತೆ ಕೊನೆಗೆ ಇನ್ನೊಮ್ಮೆ ಬೇಕಾಗುತ್ತದೆ, ನಮ್ಮವರಲ್ಲಿ ಸತ್ತವರ ಪಾದದಿಂದಲೇ ಅಳೆದು ಗುಣಿ ತೋಡುತ್ತಾರೆ. ಚಪ್ಪಲಿಗೂ ಗುಣಿಗೂ ನಡುವೆ ಎದೆ ಎಂಬುದೊಂದು ಇದೆಯಲ್ಲ, ಅದನ್ನು ಮಾತ್ರ ಯಾರೂ ಕೇಳಿರಲಿಲ್ಲ.

ಸಿಂಪಿಗ ಕೇಳಿರಲಿಲ್ಲವೆ ಎಂದರೆ, ಅವನು ಕೇಳುತ್ತಿದ್ದುದು ಹಳೆಯ ಕುಬಸವನ್ನು. ಹೊಸ ಖಣದ ಜೊತೆ ಹಳೆ ಕುಬಸವನ್ನು ಮಡಿಸಿ ಗಂಡನ ಕೈಯಲ್ಲಿ ಕಳಿಸುವುದು, ಅದರ ಅಳತೆಗೆ ಅವನು ಇದನ್ನು ಹೊಲಿಯುವುದು. ಆ ಹಳೆಯದು ಅದಕ್ಕಿಂತ ಹಳೆಯದರ ಅಳತೆಗೆ ಹೊಲಿದದ್ದು. ಹೀಗೆ ಹಿಂದೆ ಹಿಂದೆ ಹೋದರೆ ನನ್ನ ಮದುವೆಯ ಕುಬಸ ಸಿಗುತ್ತದೆ. ಆಗ ನಾನು ಲಂಗದಲ್ಲಿ ಹುಣಸೆಹಣ್ಣು ಬಚ್ಚಿಟ್ಟುಕೊಂಡು ತಿನ್ನುವ ಹುಡುಗಿ. ಎರಡು ಹೆತ್ತು, ಮೈ ತುಂಬಿ, ಮೇಲೆ ಒಂದಿಷ್ಟು ಸಡಿಲವಾದ ಮೇಲೂ ನಾನು ಆ ಹುಡುಗಿಯ ಅಳತೆಯೊಳಗೇ ಉಸಿರಾಡುತ್ತಿದ್ದೆ. "ತುಸು ಸಡ್ಲ ಹೊಲಿ ಅನ್ರಿ" ಎಂದು ಪ್ರತಿ ಸಲ ಹೇಳಿ ಕಳಿಸುತ್ತಿದ್ದೆ. ಸಿಂಪಿಗನ ಮುಂದೆ ಆ ಮಾತು ಗಂಡನ ಬಾಯಿಂದ ಒಮ್ಮೆಯೂ ಹೊರಟಿರಲಿಕ್ಕಿಲ್ಲ.

ಆಗ ನಾವು ವಾಡಿಯಲ್ಲಿದ್ದೆವು. ಹೈದರಾಬಾದಿನಲ್ಲಿ ಸರಕಾರ ಬದಲಾಗಿ ಒಂದೆರಡು ವರ್ಷವಾಗಿತ್ತು. ನನ್ನ ಯಜಮಾನರೂ ಮೈದುನನೂ ಶಹಾಬಾದಿನ ಫರಸಿ ಕಲ್ಲನ್ನು ರೈಲಿಗೆ ಹೇರಿಸುವ ಕೆಲಸ ಮಾಡುತ್ತಿದ್ದರು. ಅದಕ್ಕೆ ನಮ್ಮ ಮನೆಯ ನೆಲ, ಗೋಡೆ, ಮಾಡು, ಬಚ್ಚಲು ಎಲ್ಲ ಫರಸಿಯದೇ. ಬೇಸಿಗೆಯಲ್ಲಿ ರೊಟ್ಟಿಯ ಹಂಚು, ಚಳಿಗಾಲದಲ್ಲಿ ಗವಿ. ನಡೆದರೆ ಹೆಜ್ಜೆಯ ಸಪ್ಪಳ ಒಂದು ಕ್ಷಣ ತಡವಾಗಿ ಹಿಂದಿನಿಂದ ಬರುತ್ತಿತ್ತು. ಹೊಸಬರು ತಿರುಗಿ ನೋಡುತ್ತಿದ್ದರು. ನಮಗೆ ರೂಢಿಯಾಗಿತ್ತು.

ರೈಲ್ವೆ ಗಾರ್ಡನ ಹೆಂಡತಿ ಕುಸುಮಬಾಯಿ ನಮ್ಮ ನೆರೆಯವಳು, ಬೊಂಬಾಯಿ ಕಡೆಯವಳು. ಅವಳ ಅಂಗಳದ ಹಗ್ಗದ ಮೇಲೆ ಒಣಗುತ್ತಿದ್ದ ಒಂದು ವಸ್ತುವನ್ನು ನಾನು ಬಹಳ ದಿನ ಮಕ್ಕಳ ಜೋಡಿ ಟೊಪ್ಪಿಗೆ ಎಂದೇ ತಿಳಿದಿದ್ದೆ. ಅವಳಿಗೆ ಮಕ್ಕಳಿರಲಿಲ್ಲ. ಕೊನೆಗೆ ಕೇಳಿಯೇ ಬಿಟ್ಟೆ. ಅವಳು ನಗುತ್ತ ಕಂಬ ಹಿಡಿದುಕೊಂಡಳು.

"ಅಹೋ ವೈನಿ, ಟೊಪ್ಪಿಗಿ ಅಲ್ಲರಿ, ಬಾಡಿ! ಕುಬಸದ ಒಳಗ ಹಾಕೋದು. ನಿಮಗೂ ಬೇಕೇನು? ದೀವಳಗಿಗೆ ತೌರಿಗೆ ಹೊಂಟೀನಿ, ತರ್ತೀನಿ. ಎರಡು ಅಳತಿ ಕೊಡ್ರಿ. ಎದಿ ಕೆಳಗಿಂದೊಂದು, ಎದಿ ಮ್ಯಾಲಿಂದೊಂದು. ಅಂಗಡ್ಯಾಗ ಅವೆರಡು ನೋಡೇ ಕೊಡ್ತಾರ."

ಅಳತೆಪಟ್ಟಿ ಅವಳಲ್ಲೂ ಇರಲಿಲ್ಲ, ನಮ್ಮಲ್ಲೂ ಇರಲಿಲ್ಲ. ದಾರ ಕೊಟ್ಟರೆ ಸಾಕು ಎಂದಳು. ಬಚ್ಚಲಿನ ಬಾಗಿಲು ಹಾಕಿಕೊಂಡು ಅಳೆಯಲು ನಿಂತಾಗಲೇ ನನಗೆ ತಿಳಿದದ್ದು, ತನ್ನನ್ನು ತಾನು ಅಳೆದುಕೊಳ್ಳುವುದು ಎಂಥ ಕಷ್ಟವೆಂದು. ಮುಂದೆ ಸರಿ ಹಿಡಿದರೆ ಬೆನ್ನ ಹಿಂದೆ ದಾರ ಸೊಂಟಕ್ಕೆ ಇಳಿದಿರುತ್ತದೆ. ಕೈ ಮೇಲೆತ್ತಿದರೆ ಎದೆಯೂ ಮೇಲೇಳುತ್ತದೆ. ಎಲ್ಲಕ್ಕಿಂತ ದೊಡ್ಡ ತೊಡಕು, ದಾರ ತಾಗಿದ ಕೂಡಲೇ ಮನುಷ್ಯರು ಉಸಿರು ಬಿಗಿಹಿಡಿಯುತ್ತಾರೆ, ಯಾರೂ ನೋಡದಿದ್ದರೂ. ಯಾರೂ ನೋಡುತ್ತಿಲ್ಲ ಎಂದು ನನಗೆ ನಾನೇ ಹೇಳಿಕೊಂಡೆ. ಹೇಳಿಕೊಂಡ ಮೇಲೆ, ಯಾರೋ ನೋಡುತ್ತಿದ್ದಾರೆ ಅನಿಸಲು ಶುರುವಾಯಿತು. ಆ ಮನೆಯೇ ಹಾಗೆ.

ಅದಕ್ಕೆ ನನ್ನ ನೆಗೆಣ್ಣಿ ನೀಲಮ್ಮನನ್ನು ಕರೆದೆ. ಅವಳು ನನ್ನನ್ನು ಅಳೆದಳು. ಆಮೇಲೆ, ಒಬ್ಬಳೇ ಹಾಕಿಕೊಂಡು ಮೆರೆಯುವುದೇಕೆ, ಇವಳಿಗೂ ಒಂದು ತರಿಸೋಣ ಅನಿಸಿ ನಾನು ಅವಳನ್ನು ಅಳೆದು, ಅಳತೆ ಮುಗಿದಲ್ಲಿ ದಾರಕ್ಕೆ ಗಂಟು ಹಾಕಿದೆ.

ನೀಲಮ್ಮ ಮೈದುನನ ಹೆಂಡತಿ, ಸೇಡಂನವಳು, ಇನ್ನೂ ಚಿಕ್ಕವಳು. ಆ ಶ್ರಾವಣದಲ್ಲಿ ಅವಳ ಕೂಸು ಹೋಗಿತ್ತು. ನಮ್ಮತ್ತೆ ಪದ್ಧತಿಯಂತೆ ಹಳೆ ಧೋತರ ಹರಿದು, ಹಾಲು ಬತ್ತಲೆಂದು ಅವಳ ಎದೆಗೆ ಗಟ್ಟಿಯಾಗಿ ಕಟ್ಟಿದ್ದರು. ಪಟ್ಟಿ ಬಿಚ್ಚಿದ್ದೂ ಆಯಿತು, ಹಾಲು ಬತ್ತಿತೆಂದು ಎಲ್ಲರೂ ತಿಳಿದದ್ದೂ ಆಯಿತು. ಹಾಲಿನ ಜೊತೆ ಅವಳ ಮಾತೂ ನಿಂತಿತ್ತು. ಕೆಲಸ ಹೇಳಿದರೆ ಮಾಡುವಳು, ಉಣ್ಣು ಎಂದರೆ ಉಣ್ಣುವಳು. ದೀಪ ಹಚ್ಚುವ ಹೊತ್ತಿಗೆ ಮಾತ್ರ ಹಿತ್ತಲಿಗೆ ಹೋಗಿ ಗೋಡೆಗೆ ಮುಖ ಮಾಡಿ ನಿಲ್ಲುವಳು. ಗೋಡೆಯ ಆಚೆ ಖಾಜಾಬಿಯ ಮನೆ. ಮರುದಿನ ಬೆಳಿಗ್ಗೆ ಅದೇ ಜಾಗದಲ್ಲಿ, ಕರಿ ಫರಸಿಯ ಮೇಲೆ, ಬಿಳಿ ಹನಿಗಳು ಒಣಗಿರುತ್ತಿದ್ದವು, ಸುತ್ತ ಇರುವೆ. ಒಮ್ಮೆ ಬೆಕ್ಕು ಅದನ್ನು ನೆಕ್ಕಿ ನಮ್ಮ ಕಡೆ ನೋಡಿತು. ಅತ್ತೆ ಅಂದಿನಿಂದ ಆ ಜಾಗ ದಾಟಿ ಹೋಗುವುದನ್ನೇ ಬಿಟ್ಟರು.

"ಯಾರೋ ಮಾಟ ಮಾಡ್ಯಾರ. ಇಲ್ಲಾ, ಆಕಿ ಮೈಯಾಗ ಗಾಳಿ ಹೊಕ್ಕದ. ಅಮಾಸಿ ಬರ್ಲಿ, ಹಳ್ಳದಾಚಿ ಅವನ ಹಂತೇಲಿ ಒಯ್ಯೋಣು," ಎಂದರು.

ಹಳ್ಳದಾಚೆಯ ಆ ಗಾಳಿ ಬಿಡಿಸುವವನು ಯಾರೆಂದು ನಮಗೆಲ್ಲ ಗೊತ್ತು. ಹೋದವಳನ್ನು ಕಂಬಕ್ಕೆ ಕಟ್ಟಿ, ಮುಖದ ಮುಂದೆ ಒಣಮೆಣಸಿನಕಾಯಿ ಸುಟ್ಟು, ಬೇವಿನ ಬರಲಿನಿಂದ ಹೊಡೆಯುತ್ತ ಹೆಸರು ಕೇಳುತ್ತಾನೆ. ಹೆಸರು ಹೇಳುವವರೆಗೆ ಬಿಡುವುದಿಲ್ಲ. ನೀಲಮ್ಮ ತನ್ನ ಹೆಸರನ್ನೇ ಹೇಳುತ್ತಿರಲಿಲ್ಲ. ಇನ್ನೊಬ್ಬರ ಹೆಸರು ಎಲ್ಲಿಂದ ತಂದಾಳು? ಆ ಕಂಬದಿಂದ ಅವಳು ಜೀವಂತ ಬಿಚ್ಚಿಸಿಕೊಂಡು ಬರುವುದಿಲ್ಲವೆಂಬ ಹೆದರಿಕೆ ನನಗೆ. ಮೈದುನ ತಾಯಿಯ ಮುಂದೆ ಬಾಯಿ ತೆಗೆಯುವವನಲ್ಲ. ಅಮಾವಾಸ್ಯೆ ಹತ್ತಿರ ಬರುತ್ತಿತ್ತು.

ಇಂಥ ಮನೆಯಲ್ಲಿ ನಾನು, ಜಾಣೆ, ಒಬ್ಬಳ ಎದೆಯ ಎರಡು ದಾರಗಳನ್ನು ಗೂಟಕ್ಕೆ ತೂಗುಹಾಕಿದೆ.

ಇಲ್ಲಿ ನಮ್ಮತ್ತೆಯ ದಾರದ ವಿದ್ಯೆ ಹೇಳಬೇಕು. ಅವರು ಗುಂಡಗುರ್ತಿಯವರು, ತಾಯಿಯಿಂದ ಕಲಿತದ್ದು. ಯಾರಾದರೂ ಸೊರಗಿದರೆ ಬೆಳಿಗ್ಗೆ ಎದೆಯ ಸುತ್ತ ಹಸಿನೂಲು ಹಿಡಿದು, ತುದಿ ಬಂದು ಕೂಡಿದಲ್ಲಿ ಗಂಟು ಹಾಕುವುದು. ಅದೇ ನೂಲನ್ನು ದೀಪ ಹಚ್ಚುವಾಗ ಅದೇ ಜಾಗಕ್ಕೆ ಮತ್ತೆ ಹಿಡಿಯುವುದು. ತುದಿಗೆ ಗಂಟು ಕೂಡಿದರೆ ಬರೀ ಜ್ವರ, ಕಷಾಯ ಸಾಕು. ಕೂಡದಿದ್ದರೆ, ಹಗಲಿನಲ್ಲಿ ಯಾರೋ ಒಳಗೆ ಹೊಕ್ಕಿದ್ದಾರೆ ಎಂದು ಅರ್ಥ. ಒಬ್ಬರ ದಾರ ಇಬ್ಬರಿಗೆ ಸಾಲದಲ್ಲ! ಲೆಕ್ಕ ನೋಡಿದರೆ ತಪ್ಪಿಲ್ಲ. ಬೊಂಬಾಯಿಯ ಬಾಡಿ ಅಂಗಡಿಯವನ ಲೆಕ್ಕವೂ ಹೆಚ್ಚುಕಡಿಮೆ ಇದೇ: ಎರಡು ದಾರದ ನಡುವಿನ ಅಂತರದಲ್ಲಿ ಏನು ಕೂತಿದೆ ಎಂಬುದೇ ಅವನ ಪ್ರಶ್ನೆ.

ಅತ್ತೆ ಗೂಟದ ಮೇಲಿನ ದಾರಗಳನ್ನು ನೋಡಿದರು. ಎರಡನ್ನೂ ಎಳೆದು ಜೋಡಿಸಿ ಹಿಡಿದರು. ಒಂದು ಗಿಡ್ಡ, ಒಂದು ಉದ್ದ.

"ಶರಣಿ, ಇವು ಯಾರವು?"

"ನೀಲವ್ವನ ಎದಿ ಅಳತಿರಿ, ಅತ್ತಿ."

"ಎರಡೂ?"

"ಎರಡೂ ಆಕಿವೇ."

ಅವರು ದಾರಗಳನ್ನು ಕೆಂಡ ಮುಟ್ಟಿದಂತೆ ಬಿಟ್ಟರು. "ನಾ ಹೇಳ್ಲಿಲ್ಲೇನು! ಒಂದು ಎದಿಗಿ ಎರಡು ಅಳತಿ ಬಂದಾವಲ್ಲ. ನೀನೂ ಅಳದು ನೋಡೀದಿ, ನನ್ನ ಮುಂದ ಹೇಳಂಗಿಲ್ಲ!"

ಬಾಡಿಯ ಕತೆಯನ್ನೆಲ್ಲ ಬಿಡಿಸಿ ಹೇಳಿದೆ. ಕೆಳಗಿನದು ಕೆಳಗಿನದು, ಮೇಲಿನದು ಮೇಲಿನದು ಎಂದೆ. ನನ್ನ ಎರಡು ದಾರಗಳನ್ನೂ ತೋರಿಸಿದೆ. ಅವುಗಳ ಅಂತರ ಇನ್ನೂ ಹೆಚ್ಚಿತ್ತು. ಅತ್ತೆ ನನ್ನನ್ನು ಮೇಲಿನಿಂದ ಕೆಳಗೆ ನೋಡಿದ ರೀತಿಗೆ, ಅಮಾವಾಸ್ಯೆಗೆ ಬಂಡಿಯಲ್ಲಿ ನನಗೂ ಜಾಗ ಮಾಡುತ್ತಾರೇನೋ ಅನಿಸಿತು.

"ಆತು," ಎಂದರು ಕೊನೆಗೆ. "ಆಕಿ ಉದ್ದನ್ನ ದಾರ ಮುಂಜಾನಿ ಹಿಡದದ್ದು, ಹೌದಿಲ್ಲೋ? ಇವತ್ತ ದೀಪ ಹಚ್ಚೋ ಮುಂದ ನನ್ನೆದುರಿಗೆ ಅದನ್ನ ಹಿಡಿ, ಅದಾ ಜಾಗಾಕ್ಕ. ಕೂಡಿತಂದ್ರ ನಾ ಅಮಾಸಿ ಮಾತು ಎತ್ತಂಗಿಲ್ಲ. ಕೂಡ್ಲಿಲ್ಲಂದ್ರ ನೀ ಬಾಯಿ ತೆಗಿಬ್ಯಾಡ."

ನನಗೆ ಒಳಗೊಳಗೇ ಖುಷಿ. ಮುಂಜಾನೆಯ ಎದೆ ಸಂಜೆಗೆ ಎಲ್ಲಿ ಹೋಗುತ್ತದೆ? ಆಗಲಿ ಎಂದೆ.

ಸಂಜೆ ಹಿತ್ತಲ ಬಾಗಿಲ ಬಳಿ ನೀಲಮ್ಮನನ್ನು ನಿಲ್ಲಿಸಿದೆವು. ಅತ್ತೆ ದೀಪ ಹಿಡಿದುಕೊಂಡರು. ಜಂಕ್ಷನ್ನಿನ ಕಡೆ ಇಂಜಿನ್ನು ಕೂಗಿ ಸುಮ್ಮನಾಯಿತು. ಸೆರಗಿನ ಕೆಳಗೆ ಕೈ ಹಾಕಿ ಬೆನ್ನ ಹಿಂದೆ ದಾರ ನೇರ ಮಾಡಿದೆ. "ಉಸಿರು ಬಿಡವ್ವಾ" ಎಂದೆ. ಬಿಟ್ಟಳು. ದಾರವನ್ನು ಮುಂದೆ ತಂದೆ.

ಕೂಡಲಿಲ್ಲ.

ಕೈ ತಪ್ಪಿರಬೇಕೆಂದು ಇನ್ನೊಮ್ಮೆ ಹಿಡಿದೆ. ತುದಿಗೂ ಗಂಟಿಗೂ ನಡುವೆ ಎರಡು ಬೆರಳು ಬಯಲು. ಇದು ನಾನೇ ಹಿಡಿದ ದಾರ, ನಾನೇ ಹಾಕಿದ ಗಂಟು. ಅತ್ತೆ ದೀಪವನ್ನು ಮೇಲೆತ್ತಿ ಹಿಡಿದರು. ಫರಸಿಯ ಗೋಡೆಯ ಮೇಲೆ ನಮ್ಮ ಮೂವರ ನೆರಳುಗಳು ಎಷ್ಟೋ ಜನರಂತೆ ಅಲುಗಾಡಿದವು.

ಅಷ್ಟರಲ್ಲಿ ಗೋಡೆಯ ಆಚೆ ಖಾಜಾಬಿಯ ಮೊಮ್ಮಗು ಅತ್ತಿತು.

ನಾನು ನೋಡಿದ್ದನ್ನು ಹೇಳುತ್ತಿದ್ದೇನೆ, ನಂಬುವುದು ಬಿಡುವುದು ನಿಮಗೆ ಬಿಟ್ಟದ್ದು. ದಾರ ನನ್ನ ಬೆರಳೊಳಗೆ ತಾನಾಗಿ ಸರಿಯಿತು. ನೀಲಮ್ಮ ಅಲುಗಿರಲಿಲ್ಲ, ಉಸಿರು ಸಹ ಎಳೆದಿರಲಿಲ್ಲ. ಆದರೂ ಒಳಗಿನಿಂದ ಯಾರೋ ಒತ್ತಿದಂತೆ ದಾರ ಬಿಗಿಯಾಗಿ, ಎರಡು ಬೆರಳ ಬಯಲು ಇನ್ನಷ್ಟು ಅಗಲವಾಯಿತು. ಆಮೇಲೆ ನನ್ನ ಬೆರಳಿಗೆ ಬಿಸಿಯಾಗಿ ಏನೋ ಹರಿಯಿತು. ರಕ್ತವೆಂದೇ ತಿಳಿದು ಕೈ ಹಿಂದೆಗೆದೆ.

ಅತ್ತೆ ದೀಪ ಹತ್ತಿರ ತಂದರು. ಬೆರಳು ಬಿಳಿಯಾಗಿತ್ತು.

ಅವರು ನನ್ನ ಕೈ ಎಳೆದು ಮೂಸಿದರು. ದೀಪವನ್ನು ಕೆಳಗಿಟ್ಟರು. ಹಿತ್ತಲ ಗೋಡೆಯ ಬುಡದ ಕಡೆ, ಬೆಕ್ಕು ನೆಕ್ಕಿದ ಆ ಜಾಗದ ಕಡೆ, ಬಹಳ ಹೊತ್ತು ನೋಡಿದರು.

"ಬತ್ತಿಲ್ಲೇನ ನಿಂದು?"

ಶ್ರಾವಣದಿಂದ ಮಾತಾಡದವಳು ಆಗ ಬಾಯಿ ತೆರೆದಳು. ಬಳಸದ ಬಾವಿಯ ರಾಟೆಯ ಹಾಗಿತ್ತು ಅವಳ ಧ್ವನಿ. "ಆಚಿ ಕೂಸು ಅತ್ತಾಗ ಹಾಲು ಬರ್ತದರಿ, ಅತ್ತಿ. ಯಾರ ಕೂಸು ಅಂತ ಅದಕ ತಿಳ್ಯಂಗಿಲ್ಲ. ಭಾಳ ನೋಯ್ತದ, ಅದಕ ಗ್ವಾಡಿಗಿ ಹಿಂಡಿ ಬರ್ತೀನಿ."

"ನನ್ನ ಮುಂದ ಹೇಳಬಾರದಿತ್ತೇನ, ಹುಚ್ಚಿ?"

"ಹೇಳಿದ್ರ ಮತ್ತ ಕಟ್ತೀರಿ. ಕಟ್ಟಿದ್ರ ಅದೂ ಹೋಗ್ತದ."

ಅತ್ತೆ ಅಲ್ಲೇ ಹೊಸ್ತಿಲ ಮೇಲೆ ಕೂತರು. ಅವರೂ ಮಣ್ಣಿಗೆ ಕೊಟ್ಟವರೇ. ಎಷ್ಟು ಮಕ್ಕಳನ್ನು ಎಂದು ನಾವು ಯಾವತ್ತೂ ಕೇಳಿರಲಿಲ್ಲ, ಅವರೂ ಹೇಳಿರಲಿಲ್ಲ. ಆಮೇಲೆ ಎದ್ದು, ಬಿಸಿನೀರಿಗೆ ಅರಿವೆ ಅದ್ದಿ ಹಿಂಡಿ, ತಾವೇ ಅವಳ ಎದೆಗೆ ಶಾಖ ಕೊಟ್ಟರು. "ಈ ಸಲ ಕಟ್ಟಂಗಿಲ್ಲ. ದಿನಾ ತುಸು ತುಸು ಹಿಂಡಿ ಕಡಿಮಿ ಮಾಡೋಣು. ತಾನಾ ಹೋಗ್ಲಿ, ಹೋಗೋ ಮುಂದ," ಎಂದರು. ಹಳ್ಳದಾಚೆಗೆ ಬಂಡಿ ಹೂಡಲಿಲ್ಲ. ಮೈದುನ ಕೇಳಿದ್ದಕ್ಕೆ, "ದಾರ ಕೂಡ್ತು, ಸುಮ್ ಕುಂದ್ರು" ಎಂದು ಗದರಿದರು. ನಮ್ಮತ್ತೆ ಸುಳ್ಳು ಹೇಳಿದ್ದನ್ನು ನಾನು ಕೇಳಿದ್ದು ಅದೊಂದೇ ಸಲ.

ದೀಪಾವಳಿ ಮುಗಿಸಿ ಕುಸುಮಬಾಯಿ ಬಾಡಿಗಳನ್ನು ತಂದಳು. ನನ್ನದು ಸರಿಯಾಗಿ ಕೂತಿತು. ಮೊದಲ ದಿನ ನನಗೇ ನಾನು ಅಪರಿಚಿತಳಾಗಿ ಕಂಡೆ. ನೀಲಮ್ಮನ ಹಾಲು ಅಷ್ಟರಲ್ಲಿ ಬತ್ತಿತ್ತು, ಅವಳದು ಸಡಿಲವಾಯಿತು. "ತುಸು ಹಿಡದು ಹೊಲೀಲೇನು?" ಎಂದೆ. "ಇರ್ಲಿ ಅಕ್ಕ, ಜಾಗಾ ಇರ್ಲಿ" ಎಂದು ಹಾಗೆಯೇ ಹಾಕಿಕೊಂಡಳು. ಅವಳೀಗ ಮಾತಾಡುತ್ತಾಳೆ, ಸ್ವಲ್ಪ ಜಾಸ್ತಿಯೇ.

ಕತೆ ಇಲ್ಲಿಗೇ ಮುಗಿದಿದ್ದರೆ ಚೆನ್ನಾಗಿರುತ್ತಿತ್ತು. ಆದರೆ ಅತ್ತೆ ಒಂದು ಬೆಳಿಗ್ಗೆ ಬಚ್ಚಲಿನಿಂದ ನನ್ನನ್ನು ಕರೆದರು. "ನಂದೂ ಒಂದಿಷ್ಟು ಅಳಿ ನೋಡೂಣು."

"ನಿಮಗೂ ಬಾಡಿ ಬೇಕೇನ್ರಿ, ಅತ್ತಿ?"

"ನಗಬ್ಯಾಡ. ಅಳಿ ಅಂದ್ರ ಅಳಿ."

ಒಣಗಿದ ಎಲೆಯಂಥ ಎದೆ ಅದು. ಉಸಿರು ಬಿಡಿಸಿ, ದಾರ ನೇರ ಮಾಡಿ, ಗಂಟು ಹಾಕಿದೆ. ಸಂಜೆ ದೀಪ ಹಚ್ಚುವಾಗ ಅವರೇ ಬಂದು ಹಿತ್ತಲ ಬಾಗಿಲಲ್ಲಿ ನಿಂತರು. ಗೋಡೆಯ ಆಚೆ ಖಾಜಾಬಿಯ ಮೊಮ್ಮಗು ಅಳುತ್ತಿತ್ತು. ದಾರ ಹಿಡಿದೆ. ಕಿರುಬೆರಳಿನಷ್ಟು ಸಾಲಲಿಲ್ಲ.

ಮಧ್ಯಾಹ್ನದ ಊಟ ಹೆಚ್ಚಾಗಿರಬಹುದು, ದಾರ ತೇವಕ್ಕೆ ಸೇದಿಕೊಂಡಿರಬಹುದು. ಹಾಗೇ ಹೇಳಿದೆ. ಅತ್ತೆ "ಹೂಂ, ಇರ್ಬೇಕು" ಎಂದರು. ಅವರ ಮುಖ ಹೆದರಿದವರದಾಗಿರಲಿಲ್ಲ, ಮನೆಗೆ ತಮ್ಮವರು ಯಾರೋ ಬಂದಾಗಿನ ಮುಖದಂತಿತ್ತು. ದಾರವನ್ನು ನನ್ನ ಕೈಯಿಂದ ತೆಗೆದುಕೊಂಡು ಸೊಂಟಕ್ಕೆ ಸಿಕ್ಕಿಸಿಕೊಂಡು ಒಳಗೆ ಹೋದರು. ಫರಸಿಯ ಮೇಲೆ ಅವರ ಹೆಜ್ಜೆಯ ಸಪ್ಪಳದ ಹಿಂದೆ, ಒಂದು ಕ್ಷಣ ತಡವಾಗಿ, ಇನ್ನೊಂದು ಬಂತು. ಅಂದು ನಾನು ತಿರುಗಿ ನೋಡಲಿಲ್ಲ.

ಆದ್ದರಿಂದ, ಮನೆಯಲ್ಲೇ ಅಳೆದುಕೊಳ್ಳುವ ನನ್ನ ಅಕ್ಕತಂಗಿಯರೇ, ದಾರ ಬೆನ್ನ ಹಿಂದೆ ಜಾರದಂತೆ ನೋಡಿಕೊಳ್ಳಿ, ಕೈ ಇಳಿಸಿ, ಉಸಿರು ಬಿಡಿ. ಬೆಳಿಗ್ಗೆ ಒಮ್ಮೆ ಅಳೆಯಿರಿ, ದೀಪ ಹಚ್ಚುವಾಗ ಇನ್ನೊಮ್ಮೆ ಅಳೆಯಿರಿ. ಎರಡೂ ಕೂಡಿದರೆ ಸಂತೋಷ. ಕೂಡದಿದ್ದರೆ ಹೆದರಬೇಡಿ, ಯಾರ ಮುಂದೆಯೂ ಹೇಳಬೇಡಿ, ದೊಡ್ಡ ಅಳತೆಯದನ್ನೇ ತರಿಸಿಕೊಳ್ಳಿ. ಬಂದವರಿಗೂ ಒಂದಿಷ್ಟು ಜಾಗ ಬೇಕಲ್ಲ.