ಮೀನಿಗೆ ಬಿಟ್ಟುಕೊಟ್ಟ ಓವನ್

ನಮ್ಮ ಮನೆಯಲ್ಲಿ ಎಲ್ಲರೂ ಮೀನು ತಿನ್ನುವವರೇ. ಓವನ್ ಒಂದು ಮಾತ್ರ ಶುದ್ಧ ಸಸ್ಯಾಹಾರಿ. ಮುಂಬಯಿ ಹತ್ತಿರದ ಡೊಂಬಿವಲಿಯಲ್ಲಿ, ಎಂಐಡಿಸಿ ಕೈಗಾರಿಕಾ ಪ್ರದೇಶದ ವಸತಿ ಭಾಗದಲ್ಲಿ ಎರಡನೆಯ ಮಹಡಿಯ ಫ್ಲ್ಯಾಟು ನಮ್ಮದು. ಅಲ್ಲಿನ ಸಣ್ಣ ಅಡುಗೆಮನೆಯಲ್ಲಿ, ಮೀನಿನ ಪಾತ್ರೆಗಳ ಗಾಳಿಯೂ ಸೋಕದ ಹಾಗೆ, ಕಿಟಕಿಯ ಪಕ್ಕದ ಎತ್ತರದ ಕಟ್ಟೆಯ ಮೇಲೆ ಅದನ್ನು ಕೂರಿಸಿದ್ದೆ. ಅದರಲ್ಲಿ ಮೊಟ್ಟೆ ಹಾಕದ ಕೇಕ್ ಮಾಡಿ ಬಿಲ್ಡಿಂಗಿನವರಿಗೆ ಕೊಡುತ್ತಿದ್ದೆ. ಮೊದಲ ಗಿರಾಕಿ ಮೇಲಿನ ಮನೆಯ ಸಸ್ಯಾಹಾರಿ ಮರಾಠಿ ಚಿಕ್ಕಮ್ಮ, ಬಿಲ್ಡಿಂಗಿಗೆಲ್ಲ ಕಾಕು. ಮೊಮ್ಮಗಳ ಹುಟ್ಟುಹಬ್ಬಕ್ಕೆ ಕೇಕ್ ಬೇಕು ಎನ್ನುವ ಮೊದಲು ನಮ್ಮ ಮನೆಗೆ ಬಂದು, ಓವನ್ನಿನ ಬಾಗಿಲು ತೆಗೆದು, ಒಳಗೆ ಮೂಗು ತೂರಿಸಿ ಮೂಸಿ ನೋಡಿದ್ದರು. ನನಗೆ ಸಿಟ್ಟು ನೆತ್ತಿಗೇರಿತ್ತು. ಆದರೂ ಮಾತು ಕೊಟ್ಟೆ, ಇದರೊಳಗೆ ಮೀನು ಮೊಟ್ಟೆ ಯಾವತ್ತೂ ಹೋಗುವುದಿಲ್ಲ ಎಂದು. ಕಾಕು ಆ ಮಾತನ್ನು ಬಿಲ್ಡಿಂಗಿನ ತುಂಬ ಹೇಳಿಕೊಂಡು ಬಂದರು. ಆಮೇಲೆ ಕೇಕ್ ಕೇಳುವವರು ತಪ್ಪಲಿಲ್ಲ. ಮದುವೆಯಾಗಿ ಉಡುಪಿ ಕಡೆಯಿಂದ ಇಲ್ಲಿಗೆ ಬಂದ ಮೇಲೆ ಇದು ನನ್ನದು ಎಂದು ಹೇಳಿಕೊಳ್ಳಲು ನನಗೆ ಸಿಕ್ಕಿದ್ದು ಅದೊಂದೇ ಕೆಲಸ.

ಮೀನಿಗೆ ಬೇರೆ ಪಾತ್ರೆ ಇಡುವುದು ನಮಗೆ ಹೊಸತಲ್ಲ. ಮಾವನದು ಪಕ್ಕದ ಊರು ಕಲ್ಯಾಣದಲ್ಲಿ ಸಸ್ಯಾಹಾರಿ ಹೋಟೆಲು. ಹಗಲಿಡೀ ಇಡ್ಲಿ ಸಾಂಬಾರಿನ ನಡುವೆ ಇದ್ದು, ಮನೆಗೆ ಬಂದು ಮೀನು ಉಣ್ಣುವ ಮನುಷ್ಯ. ಮೀನು ಉಂಡ ಮೇಲೆ ಸ್ನಾನ ಮಾಡದೆ ಹೋಟೆಲಿನ ಮೆಟ್ಟಿಲು ಹತ್ತಿದವರಲ್ಲ. ಒಮ್ಮೆ ಹೋಟೆಲು ಮುಚ್ಚಿದ್ದ ರಜೆಯ ದಿನ, ಅಡುಗೆಯವನೊಬ್ಬ ದೋಸೆ ಹೊಯ್ಯುವ ತವಾದ ಮೇಲೆ ಒಣಮೀನು ಸುಟ್ಟುಕೊಂಡಿದ್ದನಂತೆ. ತೊಳೆದರೆ ಆಯಿತಲ್ಲ ಎಂದು ಎಲ್ಲರೂ ಹೇಳಿದರಂತೆ. ಮಾವ ಯಾರಿಗೂ ಬೈಯಲಿಲ್ಲ. ಆ ತವಾವನ್ನು ಟೆಂಪೋದಲ್ಲಿ ಹಾಕಿಸಿಕೊಂಡು ಮನೆಗೆ ತಂದು ಅತ್ತೆಗೆ ಕೊಟ್ಟರು. ಮೂರು ಒಲೆಗೆ ಆಗುವಷ್ಟು ದೊಡ್ಡ ತವಾ. ನಾನು ಸೊಸೆಯಾಗಿ ಬಂದಾಗ ಅತ್ತೆ ಬಂಗುಡೆ ಹುರಿಯುತ್ತಿದ್ದದ್ದು ಅದರ ಮೇಲೆಯೇ.

ಮಾವನಿಗೆ ಆ ಹುರಿದ ಬಂಗುಡೆಯ ಮೇಲಿನ ಗರಿಗರಿ ಪದರ ಎಂದರೆ ಪ್ರಾಣ. ಅದನ್ನು ಮೊದಲು ಬಿಡಿಸಿ, ಊಟದ ಬಟ್ಟಲ ಅಂಚಿಗೆ ಇಟ್ಟುಕೊಂಡು, ಊಟದ ಕೊನೆಗೆ ಒಂದೊಂದೇ ಚೂರು ತಿನ್ನುತ್ತಿದ್ದರು. ನಾವು ನಗಾಡಿದರೂ ತಲೆಗೆ ಹಚ್ಚಿಕೊಳ್ಳುತ್ತಿರಲಿಲ್ಲ.

ಎರಡು ಸಾವಿರದ ಹನ್ನೆರಡರ ಸುಮಾರಿಗೆ ಅವರಿಗೆ ಹೃದಯದ ಆಪರೇಷನ್ ಆಯಿತು. ಹೋಟೆಲನ್ನು ನನ್ನ ಗಂಡ ನೋಡಿಕೊಳ್ಳತೊಡಗಿದರು. ಮನೆಗೆ ಬಂದ ಮಾವನಿಗೆ ಎಣ್ಣೆಯಲ್ಲಿ ಹುರಿದದ್ದು ಬಂದ್, ತೆಂಗಿನಕಾಯಿ ಬಂದ್, ಉಪ್ಪು ಅರ್ಧ. ಅತ್ತೆ ಕಾಯಿ ಹಾಕದೆ, ಎಣ್ಣೆ ಹಾಕದೆ ಮೀನಿನ ಸಾರು ಮಾಡಿ ಬಡಿಸಿದರು. ಮಾವ ಒಂದು ತುತ್ತು ಬಾಯಿಗಿಟ್ಟು, ಮೀನಿಗೂ ಒಂದು ಮರ್ಯಾದೆ ಬೇಡವೇ ಎಂದು ಕೈ ತೊಳೆದವರು ಮತ್ತೆ ಮೀನು ಮುಟ್ಟಲಿಲ್ಲ. ಆವಿಯಲ್ಲಿ ಬೇಯಿಸಿ ಕೊಟ್ಟೆ. ಆಸ್ಪತ್ರೆ ವಾಸನೆ ಎಂದರು. ಮೊಟ್ಟೆ ಅವರಿಗೆ ಮೊದಲಿನಿಂದಲೂ ಆಗದು. ಬೇಳೆಯನ್ನಂತೂ ಹೋಟೆಲಿನಲ್ಲಿ ಜನ್ಮಕ್ಕಾಗುವಷ್ಟು ನೋಡಿಯಾಗಿತ್ತು. ಗಂಜಿ, ಒಂದಿಷ್ಟು ಪಲ್ಯ, ಅಷ್ಟೇ. ಅಂಗಿ ಹ್ಯಾಂಗರಿಗೆ ಸಿಕ್ಕಿಸಿದ ಹಾಗೆ ಮೈಮೇಲೆ ಜೋಲತೊಡಗಿತು. ಎಲ್ಲಕ್ಕಿಂತ ಹೆದರಿಕೆಯ ಸಂಗತಿ, ಎದೆಯ ಗಾಯದ ಕೆಳತುದಿ ಮಾಯುತ್ತಲೇ ಇರಲಿಲ್ಲ. ಪ್ರೊಟೀನ್ ಹೊಟ್ಟೆಗೆ ಹೋಗದಿದ್ದರೆ ಮಾಂಸ ಕೂಡುವುದಿಲ್ಲ, ಹೀಗೇ ಆದರೆ ಮತ್ತೆ ಅಡ್ಮಿಟ್ ಮಾಡಬೇಕಾಗುತ್ತದೆ ಎಂದು ಡಾಕ್ಟರು ಎಚ್ಚರಿಸಿದರು. ಅತ್ತೆ ಡ್ರೆಸ್ಸಿಂಗ್ ಬದಲಿಸುವಾಗ ನಾನು ನೋಡುತ್ತಿರಲಿಲ್ಲ. ನೋಡುವ ಧೈರ್ಯವಿರಲಿಲ್ಲ.

ಆಸ್ಪತ್ರೆಯ ಡಯಟಿಷಿಯನ್ ಹುಡುಗಿ ನನ್ನ ನಾದಿನಿಗೆ ಹೇಳಿದ್ದಳಂತೆ, ಸಾಲ್ಮನ್ ಮೀನಿನ ಮೇಲೆ ಸೊಪ್ಪು, ಬ್ರೆಡ್ ಪುಡಿ ಮೆತ್ತಿ ಬೇಕ್ ಮಾಡಿ ಕೊಡಿ, ಎಣ್ಣೆಯಲ್ಲಿ ಹುರಿಯದೆಯೇ ಮೇಲ್ಪದರ ಗರಿಗರಿಯಾಗುತ್ತದೆ ಎಂದು. ನಾದಿನಿ ಇರುವುದು ನವಿ ಮುಂಬಯಿಯ ಕಾಮೋಠೆಯಲ್ಲಿ. ಒಂದು ಭಾನುವಾರ ಬೆಳಿಗ್ಗೆ, ಹಿಂದಿನ ದಿನ ಮಾಲಿನಿಂದ ತಂದಿಟ್ಟಿದ್ದ ಸಾಲ್ಮನ್ನನ್ನು ಐಸ್ ಸಮೇತ ಚೀಲದಲ್ಲಿ ಕಟ್ಟಿಕೊಂಡು, ಠಾಣೆಯಲ್ಲಿ ಟ್ರೇನ್ ಬದಲಿಸಿ ಬಂದಳು. ದಿವಾ ಸ್ಟೇಷನ್ ದಾಟುವಾಗ ಐಸ್ ಕರಗಿ ಪಕ್ಕದವಳ ಸೀರೆ ಒದ್ದೆಯಾಗಿ ದೊಡ್ಡ ರಾಮಾಯಣವೇ ಆಗಿತ್ತಂತೆ. ಚೀಲ ಕೆಳಗಿಟ್ಟು, ಒಂದು ಲೋಟ ನೀರು ಕುಡಿದು, ಬಹಳ ಸಲೀಸಾಗಿ ಹೇಳಿದಳು:

"ಅತ್ತಿಗೆ, ನಿಮ್ಮ ಓವನ್ ಉಂಟಲ್ಲ."

ನಾವು ಮನೆಯಲ್ಲಿ ಆಡುವುದು ತುಳು; ಇಲ್ಲಿ ಕನ್ನಡದಲ್ಲಿ ಬರೆಯುತ್ತಿದ್ದೇನೆ. ತುಳುವಿನಲ್ಲಿ ಆ ಮಾತು ಇನ್ನೂ ಹಗುರವಾಗಿ ಕೇಳಿಸಿತು. ಗಂಡ ಪೇಪರಿನಿಂದ ತಲೆಯೆತ್ತದೆ, ಆಮೇಲೆ ಲಿಂಬೆರಸ, ಅಡುಗೆ ಸೋಡಾ ಹಾಕಿ ಉಜ್ಜಿದರೆ ಆಯಿತು, ಯಾರಿಗೆ ಗೊತ್ತಾಗುತ್ತದೆ ಎಂದರು. ಅದೇ ಮಾತನ್ನು ಒಳಗೆ ಮಲಗಿರುವ ನಿಮ್ಮ ಅಪ್ಪನ ಹತ್ತಿರ ಹೋಗಿ ಹೇಳಿ, ಧೈರ್ಯ ಇದ್ದರೆ, ಎಂದೆ. ಅವರು ಮತ್ತೆ ಪೇಪರಿನೊಳಗೆ ಹೊಕ್ಕರು.

ಉಜ್ಜಿ ಮುಚ್ಚಿಡುವ ಪ್ರಶ್ನೆಯೇ ನನಗಿರಲಿಲ್ಲ. ಒಂದೋ ಓವನ್ ಕೇಕಿನದ್ದು, ಇಲ್ಲ ಮೀನಿನದ್ದು. ಅವತ್ತು ಸಂಜೆಗೆ ಕಾಕುವಿಗೆ ಎಂದು ಒಪ್ಪಿಕೊಂಡಿದ್ದ ಒಂದು ಕೇಕ್ ಇತ್ತು. ಅದನ್ನು ಮೊದಲು ಮಾಡಿ ಮುಗಿಸಿದೆ. ತಣ್ಣಗಾದ ಮೇಲೆ ಡಬ್ಬಿಗೆ ಹಾಕಿ, ಮೇಲಿನ ಮನೆಗೆ ಹತ್ತಿಕೊಂಡು ಹೋಗಿ, ಇದ್ದದ್ದು ಇದ್ದ ಹಾಗೆ ಕಾಕುವಿಗೆ ಹೇಳಿದೆ. ಇದು ಆ ಓವನ್ನಿನ ಕೊನೆಯ ಕೇಕು, ಇನ್ನು ಮುಂದೆ ಕೇಳಬೇಡಿ, ಬೇರೆಯವರಿಗೂ ನೀವೇ ತಿಳಿಸಿಬಿಡಿ ಎಂದೆ. ಕಾಕು ಡಬ್ಬಿಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡರು. ಮೊದಲು ನಿಮ್ಮ ಮಾವ ಊಟ ಮಾಡಲಿ, ಎಂದರು. ಬೇಡ ಎಂದು ತಡೆಯಲಿಲ್ಲ, ಪರವಾಗಿಲ್ಲ ಎಂದೂ ಹೇಳಲಿಲ್ಲ. ಮೆಟ್ಟಿಲಿಳಿಯುವಾಗ ನನಗೆ ಅಳು ಬಂತು. ಒರೆಸಿಕೊಂಡೇ ಮನೆಯೊಳಗೆ ಬಂದೆ.

ನಾನು ಮೇಲೆ ಹೋಗಿ ಬರುವಷ್ಟರಲ್ಲಿ ಕೆಳಗೆ ಅತ್ತೆ ತಮ್ಮ ಪಾಲಿನ ಅನಾಹುತ ಶುರು ಮಾಡಿದ್ದರು. ಮೀನು ಎಂದ ಮೇಲೆ ಉಪ್ಪು, ಹುಣಸೆಹುಳಿ ಹಾಕಿ ಗಸಗಸ ತಿಕ್ಕಬೇಕು ಎನ್ನುವುದು ಅವರ ಕೈಗೆ ಅಂಟಿದ ಅಭ್ಯಾಸ. ನೋಡುತ್ತೇನೆ, ಮೆತ್ತಗಿನ ಸಾಲ್ಮನ್ನಿನ ಒಂದು ತುಂಡು ಅವರ ಮುಷ್ಟಿಯೊಳಗೆ ಆಗಲೇ ಮುದ್ದೆಯಾಗಿದೆ. ಉಳಿದದ್ದನ್ನು ಕಿತ್ತುಕೊಂಡು ಬಟ್ಟೆಯಲ್ಲಿ ಒರೆಸಿ ಇಟ್ಟೆ. ಅಷ್ಟರಲ್ಲಿ ಅವರು ನಾನು ತಂದಿಟ್ಟ ಕೊತ್ತಂಬರಿ, ಪುದೀನ, ಬೆಳ್ಳುಳ್ಳಿಯನ್ನು ಮಿಕ್ಸಿಗೆ ಹಾಕಿ, ನೀರು ಹೊಯ್ದು, ಬೆಣ್ಣೆಯ ಹಾಗೆ ಅರೆದುಬಿಟ್ಟಿದ್ದರು. ನಮ್ಮ ಕಡೆ ಮಸಾಲೆ ತರಿತರಿಯಾಗಿ ಅರೆದರೆ ಸೊಸೆಯನ್ನು ಸೋಮಾರಿ ಎನ್ನುತ್ತಾರೆ. ಅದನ್ನು ಮೆತ್ತಿದ್ದರೆ ಗರಿಗರಿಯೂ ಇಲ್ಲ ಗಿರಿಗಿರಿಯೂ ಇಲ್ಲ, ಹಸಿರು ಗಂಜಿ ಆಗುತ್ತಿತ್ತು.

ಯಾರು ಹೇಳಿದ್ದು ನಿಮಗೆ ಅರೆಯಲು ಎಂದು ಜೋರಾಗಿಯೇ ಕೇಳಿದೆ. ಅತ್ತೆ ಸಿಂಕಿನ ಹತ್ತಿರ ನಿಂತು, ನನಗೆ ಗೊತ್ತಿರುವುದನ್ನೇ ಮಾಡಿದೆ, ಬೇರೆ ಏನು ಮಾಡಿದರೆ ಅವರು ತಿನ್ನುತ್ತಾರೆಂದು ನನಗೆ ಗೊತ್ತಾಗುವುದಿಲ್ಲ, ಎಂದರು. ನನ್ನ ಸಿಟ್ಟೆಲ್ಲ ಅಲ್ಲಿಗೇ ಇಳಿಯಿತು. ಆ ಚಟ್ನಿಯನ್ನು ನಾಳೆ ದೋಸೆಗೆ ಇಡೋಣ ಎಂದು ಫ್ರಿಜ್ಜಿಗೆ ಸೇರಿಸಿ, ನಾದಿನಿಯನ್ನು ಕೆಳಗಿನ ತರಕಾರಿ ಗಾಡಿಗೆ ಓಡಿಸಿ ಮತ್ತೆ ಸೊಪ್ಪು ತರಿಸಿದೆ.

ಈ ಸಲ ಚಾಕುವಿನಲ್ಲಿ ಹೆಚ್ಚಿದೆ. ಒಣಗಿಸಿದ ಪಾವ್ ಬ್ರೆಡ್ಡನ್ನು ಕೈಯಲ್ಲೇ ಪುಡಿ ಮಾಡಿ, ಸೊಪ್ಪು, ಬೆಳ್ಳುಳ್ಳಿ, ಜಜ್ಜಿದ ಕಾಳುಮೆಣಸು, ತುರಿದ ಲಿಂಬೆ ಸಿಪ್ಪೆ ಬೆರೆಸಿದೆ. ಒಂದು ಚಮಚ ಎಣ್ಣೆ, ಅಷ್ಟೇ. ಮೀನಿನ ಮೇಲೆ ಗಟ್ಟಿ ಮೊಸರು ಸವರಿ, ಅದರ ಮೇಲೆ ಈ ಪುಡಿಯನ್ನು ಒತ್ತಿ ಒತ್ತಿ ಕೂರಿಸಿದೆವು. ಒತ್ತುವ ಕೆಲಸವನ್ನು ಅತ್ತೆಗೇ ಬಿಟ್ಟೆ. ಬಂಗುಡೆಗೆ ಮಸಾಲೆ ಮೆತ್ತಿದ ಕೈ, ಅದರಲ್ಲಿ ಅವರನ್ನು ಮೀರಿಸುವವರಿಲ್ಲ. ಓವನ್ನಿನ ಬಾಗಿಲು ನಾನೇ ತೆಗೆದೆ. ಒಳಗೆ ಇನ್ನೂ ವೆನಿಲ್ಲಾದ ಪರಿಮಳ ಇತ್ತು. ತಟ್ಟೆ ಒಳಗಿಟ್ಟು ಬಾಗಿಲು ಹಾಕಿದೆ. ಸ್ವಲ್ಪ ಹೊತ್ತಿಗೆಲ್ಲ ವೆನಿಲ್ಲಾ ಹೋಗಿ ಬೆಳ್ಳುಳ್ಳಿ, ಮೀನು ಮನೆಯಿಡೀ ತುಂಬಿತು. ಒಳಗಿನ ಕೋಣೆಯಲ್ಲಿ ಮಂಚ ಕಿರುಗುಟ್ಟಿದ್ದು ಕೇಳಿಸಿತು.

ಮಾವ ತಾವಾಗಿಯೇ ಎದ್ದು ಬಂದು ಟೇಬಲ್ಲಿಗೆ ಕೂತರು. ಬಟ್ಟಲಲ್ಲಿ ಹಸಿರು ಹೊದ್ದ ಗುಲಾಬಿ ಬಣ್ಣದ ತುಂಡನ್ನು ನೋಡಿ, ಇದರ ತಲೆ ಎಲ್ಲಿ ಎಂದು ಕೇಳಿದರು. ನಮ್ಮಲ್ಲಿ ಮೀನಿನ ತಲೆ ಮನೆಯ ಹಿರಿಯರಿಗೆ. ತಲೆ ಮಾಲಿನಲ್ಲೇ ಉಳಿಯಿತು ಎಂದು ನಾದಿನಿ ಹೇಳಿದಳು. ಕಿವಿರು ನೋಡದೆ ಮೀನು ತಂದವಳು ನೀನೊಬ್ಬಳೇ ಎಂದು ಗೊಣಗಿದರು. ಎಷ್ಟೋ ವಾರಗಳ ನಂತರ ಅವರು ಊಟದ ಬಗ್ಗೆ ಇಷ್ಟು ಮಾತಾಡಿದ್ದು. ಆಮೇಲೆ ಮೇಲಿನ ಪದರದ ಒಂದು ಮೂಲೆ ಮುರಿದು ಬಾಯಿಗೆ ಹಾಕಿಕೊಂಡರು. ಕರುಂ ಎಂದಿತು. ನಾವು ಮೂವರು ಹೆಂಗಸರು ಅವರ ಬಾಯನ್ನೇ ನೋಡುತ್ತಾ ನಿಂತಿದ್ದೆವು. ಅವರು ಅಗಿಯುತ್ತಲೇ ಗ್ಯಾಸ್ ಒಲೆಯ ಕಡೆ ನೋಡಿದರು. ಒಲೆಯ ಮೇಲೆ ಏನೂ ಇರಲಿಲ್ಲ. ದೊಡ್ಡ ತವಾ ಗೋಡೆಗೆ ಒರಗಿಕೊಂಡಿತ್ತು.

"ಇದು ಯಾವುದರಲ್ಲಿ ಮಾಡಿದ್ದು?" ಎಂದು ನನ್ನನ್ನು ಕೇಳಿದರು.

ಓವನ್ನಿನಲ್ಲಿ ಎಂದೆ.

"ನಿನ್ನ ಕೇಕಿನದ್ದರಲ್ಲಾ?"

ಹೌದು, ಕಾಕುವಿಗೂ ಹೇಳಿಬಂದಿದ್ದೇನೆ ಎಂದೆ. ಅವರ ಕೈ ಬಟ್ಟಲಲ್ಲೇ ನಿಂತಿತು. ಮುಗಿಯಿತು, ಇನ್ನು ಎದ್ದು ಕೈ ತೊಳೆಯುತ್ತಾರೆ ಎಂದುಕೊಂಡೆ. ಕಟ್ಟೆಯ ಮೇಲಿನ ಓವನ್ನನ್ನು ಅವರು ಬಹಳ ಹೊತ್ತು ನೋಡಿದರು. ಆಮೇಲೆ ಬಟ್ಟಲನ್ನು ಹತ್ತಿರಕ್ಕೆ ಎಳೆದುಕೊಂಡರು. ಆ ತುಂಡು ಮುಗಿಸಿ, ಇನ್ನೊಂದು ಹಾಕು ಎಂದು ಅತ್ತೆಗೆ ಸನ್ನೆ ಮಾಡಿದರು. ಅದನ್ನೂ ಮುಗಿಸಿದರು. ಅತ್ತೆ ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಾ, ರುಚಿ ಆಯಿತಾ ಎಂದು ಕೇಳಿದರು.

"ಉಪ್ಪು ಇಲ್ಲ, ಹುಳಿ ಇಲ್ಲ, ಎಂತ ರುಚಿ?" ಎಂದರು ಮಾವ. ಮತ್ತೆ ನನ್ನ ಕಡೆ ತಿರುಗಿದರು. "ಆದ್ರೆ ಮಗಾ, ನೀನು ಒಂದು ಒಲೆಯನ್ನೇ ಮೀನಿಗೆ ಬಿಟ್ಟುಕೊಟ್ಟಿದ್ದಿ. ನಾನು ಬಟ್ಟಲಲ್ಲಿ ಬಿಟ್ಟು ಏಳುದು ಹೇಗೆ?"

ಅಷ್ಟು ಹೇಳಿ, ಓವನ್ನಿನ ತಟ್ಟೆಗೆ ಅಂಟಿಕೊಂಡಿದ್ದ ಗರಿಗರಿ ಚೂರುಗಳನ್ನು ಬೆರಳಿನಿಂದ ಒಟ್ಟು ಮಾಡಿ ಬಟ್ಟಲ ಅಂಚಿಗೆ ಇಟ್ಟುಕೊಂಡರು. ಒಂದೊಂದೇ ತಿಂದರು. ಮುಂದಿನ ಭಾನುವಾರಕ್ಕೆ ಬಂಗುಡೆ ತನ್ನಿ, ತಲೆ ಇರುವಂಥದ್ದು, ಎಂದು ಹೇಳಿ ಎದ್ದರು.