ಕಳೆದುಹೋದ ಕೊನೆಯ ರೀಲು

ಟೀವಿಯ ಕೆಳಗೆ ಡಿವಿಡಿ ಪ್ಲೇಯರ್ ಇನ್ನೂ ತನ್ನ ಜಾಗ ಉಳಿಸಿಕೊಂಡಿದ್ದ ಕಾಲ ಅದು. ನನಗೆ ಒಂಬತ್ತು ವರ್ಷ. ಪರದೇಶದ ಕೆನ್ಮೋರ್ ಊರಿನ ನಮ್ಮ ಮನೆಗೆ ಮಂಡ್ಯದಿಂದ ಅಜ್ಜಿ, ಅಂದರೆ ಅಮ್ಮನ ಅಮ್ಮ, ಬಂದಿದ್ದ ಚಳಿಗಾಲ. ದಿನವಿಡೀ ಜಿಟಿಜಿಟಿ ಮಳೆ, ನಾಲ್ಕೂವರೆಗೆಲ್ಲ ಕತ್ತಲು.

"ಈ ಊರಲ್ಲಿ ಸೂರ್ಯ ರಜಾ ಹಾಕವ್ನಾ?" ಎಂದು ಅಜ್ಜಿ ಕಿಟಕಿಗೆ ಅಂಟಿಕೊಂಡು ಕೂತಿರುತ್ತಿದ್ದರು. ಮೂರನೇ ವಾರಕ್ಕೇ ಅಮ್ಮನಿಗೆ, "ನನ್ನ ಬೇಗ ಕಳಿಸ್ಬುಡು ಕಣವ್ವ. ಇಲ್ಲಿ ಮಾತಾಡೋಕೆ ಒಂದು ನರಪಿಳ್ಳೆ ಇಲ್ಲ" ಎಂದರು. ನನಗೆ ಚುರುಕ್ ಎಂದಿತು. ಸ್ಕೂಲ್ ಬಿಟ್ಟ ಮೇಲೆ ಅಪ್ಪ ಅಮ್ಮ ಆಫೀಸಿನಿಂದ ಬರುವವರೆಗೂ ಅವರ ಜೊತೆಗಿದ್ದ ನರಪಿಳ್ಳೆ ನಾನೇ! ಆದರೆ ಅವರು ಕನ್ನಡದಲ್ಲಿ ಕೇಳಿದ್ದಕ್ಕೆಲ್ಲ ನಾನು ಇಂಗ್ಲಿಷಿನಲ್ಲಿ ಉತ್ತರ ಕೊಡುತ್ತಿದ್ದೆ. "ನಿನ್ನ ಇಂಗ್ಲೀಸು ನಂಗೆ ಗೊತ್ತಾಗಲ್ಲ" ಎಂದು ಅವರು ಕೈ ಚೆಲ್ಲುತ್ತಿದ್ದರು. ಅಜ್ಜಿ ಹೊರಟುಬಿಡುತ್ತಾರೆ, ಅದೂ ನನ್ನಿಂದಾಗಿ ಎಂದು ನನಗೆ ಭಯ.

ಅಷ್ಟರಲ್ಲಿ ಅಪ್ಪ ಲೈಬ್ರರಿಯಿಂದ ಹಾಲಿವುಡ್ಡಿನ ಹಳೇ ಮೂಕಿ ಚಿತ್ರವೊಂದನ್ನು ತಂದರು. "ಇದ್ರಲ್ಲಿ ಮಾತೇ ಇಲ್ಲ, ಅತ್ತೆಗೆ ಲ್ಯಾಂಗ್ವೇಜ್ ಪ್ರಾಬ್ಲಮ್ಮೇ ಬರಲ್ಲ" ಎಂದು ಬೀಗಿದರು. ಪಾಪ, ಅಪ್ಪನ ಬುದ್ಧಿಯೇ! ಮಾತಿಲ್ಲ, ನಿಜ. ಆದರೆ ಎರಡು ನಿಮಿಷಕ್ಕೊಮ್ಮೆ ಕಪ್ಪು ಪರದೆಯ ತುಂಬ ಇಂಗ್ಲಿಷ್ ಬರಹ.

"ಏನ್ ಬರ್ದವ್ರೆ? ಓದಿ ಹೇಳವ್ವ" ಎಂದರು ಅಜ್ಜಿ.

ವಿಜ್ಞಾನಿಯೊಬ್ಬ ತಗಡಿನ ಹಂಡೆಯಂಥ ನೌಕೆ ಕಟ್ಟಿ ಚಂದ್ರನಿಗೆ ಹಾರುತ್ತಾನೆ. ತಾಯಿಯಿಲ್ಲದ ಪುಟ್ಟ ಮಗಳು ದುರ್ಬೀನು ಹಿಡಿದು ಕಾಯುತ್ತಾಳೆ. ಅಲ್ಲಿ ನೌಕೆ ಕೆಟ್ಟು ನಿಲ್ಲುತ್ತದೆ. ಇದನ್ನು ನಾನು ಹೇಳಿದ್ದು ಹೀಗೆ: "ಅಪ್ಪ ಮೂನ್‌ಗೆ ಹೋಗ್ತಾನೆ. ಮಗಳು ಕ್ರೈ ಮಾಡ್ತಾಳೆ."

"ಕ್ರೈ ಮಾಡ್ತಾಳಾ? ಉಪ್ಪಿಟ್ಟು ಮಾಡ್ದಂಗೆ? ಅಳ್ತಾಳೆ ಅನ್ನು."

"ಅಳ್ತಾಳೆ."

"ಹ್ಞಾಂ! ತಗೋ ನಿಪ್ಪಟ್ಟು."

ದಿನಕ್ಕೆ ಅರ್ಧ ಗಂಟೆ ಮಾತ್ರ ನೋಡುವುದು ಎಂದು ಕರಾರಾಯಿತು. ಅಜ್ಜಿ ಈರುಳ್ಳಿ ಪಕೋಡ ಕರಿಯುತ್ತಿದ್ದರು. ಆ ಹೊಗೆಗೆ ಚಾವಣಿಯ ಬೆಂಕಿ ಅಲಾರಂ ಬಾಯಿ ಬಡಿದುಕೊಳ್ಳುತ್ತಿತ್ತು. ನಾನು ಕುರ್ಚಿ ಹತ್ತಿ ಟವೆಲ್ ಬೀಸಿ ಅದರ ಬಾಯಿ ಮುಚ್ಚಿಸಿದ ಮೇಲೆ ಸಿನಿಮಾ. ಪರದೆಯ ಮೇಲೆ ಅಕ್ಷರ ಬಂದಾಗಲೆಲ್ಲ ಅಜ್ಜಿಯ ಬೆರಳುಗಳು ಸೋಫಾದ ಕೈಮೇಲೆ ಪಟಪಟ ಕುಣಿಯುತ್ತಿದ್ದವು. ಜಪ ಮಾಡುತ್ತಿದ್ದಾರೆ ಎಂದುಕೊಂಡಿದ್ದೆ. ಊರಿಗೆ ಹೊರಡುವ ಮಾತು ನಿಂತುಹೋಯಿತು. ಈಗ ಅವರ ಬಾಯಲ್ಲಿ ಒಂದೇ ಪ್ರಶ್ನೆ: "ಆ ಮಗೀಗೆ ಅಪ್ಪ ಸಿಕ್ತಾನೇನೇ?"

ಐದನೇ ದಿನ. ಮಗಳು ಆಕಾಶ ನೋಡುತ್ತ ನಿಂತಿದ್ದಾಳೆ. ಇದ್ದಕ್ಕಿದ್ದಂತೆ ಪರದೆ ಕಪ್ಪಾಗಿ ಒಂದೇ ಒಂದು ಸಾಲು ಬಂತು: ಈ ಚಿತ್ರದ ಕೊನೆಯ ರೀಲು ಕಳೆದುಹೋಗಿದೆ.

ಅಜ್ಜಿ ತುದಿಗಾಲಲ್ಲಿ ಕೂತಿದ್ದರು. "ಏನಂತೆ?"

ನಿಜ ಹೇಳಲು ನನಗೆ ಬಾಯಿ ಬರಲಿಲ್ಲ. ರಿಮೋಟಿನಲ್ಲಿ ಚಿತ್ರ ನಿಲ್ಲಿಸಿ ಶುರುಮಾಡಿದೆ. "ಅಪ್ಪ ವಾಪಸ್ ಬರ್ತಾನೆ. ನೌಕೆ ಬಂದು ನಮ್ಮ ಕೆನ್ಮೋರ್ ಕೆರೆಗೇ ಬೀಳುತ್ತೆ. ಬಾತುಕೋಳಿಗಳೆಲ್ಲ ಓಡ್ತವೆ. ಅವನು ಪೂರ್ತಿ ಒದ್ದೆ. ಮಗಳು ಟವೆಲ್ ತರ್ತಾಳೆ. ಅವನು ಚಂದ್ರನಲ್ಲಿ ಏನೂ ತಿಂದಿಲ್ಲ, ಅದಕ್ಕೆ ಅವಳ ಅಜ್ಜಿ ಸಾರನ್ನ ಕಲಸಿ ಕೊಡ್ತಾಳೆ..." ಬರಹವಿದ್ದದ್ದು ಒಂದು ಸಾಲು. ನಾನು ಕಾಲು ಗಂಟೆ ಹೇಳಿದೆ, ಅಷ್ಟೂ ಕನ್ನಡದಲ್ಲಿ.

ಅಜ್ಜಿ ಸೆರಗಿನಿಂದ ಕಣ್ಣೊರೆಸಿಕೊಂಡು, "ಚೆಂದಾಗಿ ಮುಗಿಸವ್ರೆ" ಎಂದರು. ಸುಳ್ಳು ಹೇಳಿದೆನಲ್ಲ ಎಂಬ ಅಳುಕು, ಆದರೂ ಹಿಗ್ಗೋ ಹಿಗ್ಗು.

ಅಜ್ಜಿ ವೀಸಾದ ಆರು ತಿಂಗಳೂ ಇದ್ದರು. ಹೊರಟ ದಿನ ಏರ್‌ಪೋರ್ಟಿನಲ್ಲಿ ಅಪ್ಪ ಸೂಟ್‌ಕೇಸಿನ ಚೀಟಿಗೆ ಅಡ್ರೆಸ್ ಗೀಚುತ್ತಿದ್ದರು. ಅಜ್ಜಿ ಪೆನ್ನು ಕಿತ್ತುಕೊಂಡು, "ಕೋಳಿ ಕೆದಕ್ದಂಗೆ ಬರೀತೀರಲ್ಲ!" ಎನ್ನುತ್ತ ಮುತ್ತಿನಂಥ ಇಂಗ್ಲಿಷ್ ಅಕ್ಷರಗಳಲ್ಲಿ ತಾವೇ ಬರೆದರು.

ನಾನು ಬಾಯಿಬಿಟ್ಟುಕೊಂಡು ನೋಡಿದೆ. "ಅಜ್ಜಿ, ನಿಂಗೆ ಇಂಗ್ಲಿಷ್ ಬರುತ್ತಾ?"

ಅಮ್ಮ ನಕ್ಕಳು. "ಮೂವತ್ತು ವರ್ಷ ಸರ್ಕಾರಿ ಆಫೀಸಲ್ಲಿ ಇಂಗ್ಲಿಷ್ ಟೈಪಿಸ್ಟ್ ಆಗಿದ್ಲು ಕಣೇ. ಮಾತಾಡೋಕೆ ಬರಲ್ಲ ಅಷ್ಟೇ, ಓದೋಕೆ ಏನು?"

ಸೋಫಾದ ಕೈಮೇಲೆ ಕುಣಿದ ಆ ಬೆರಳುಗಳು! ಅಂದರೆ ಆ ಒಂದು ಸಾಲನ್ನೂ ಅವರು ಓದಿದ್ದರು. ಅಜ್ಜಿ ನನ್ನ ಕೆನ್ನೆ ಹಿಂಡಿ, "ರೀಲು ಕಳೆದೋಗಿದ್ದೇ ಒಳ್ಳೇದಾಯ್ತು ಬುಡು" ಎಂದರು.

ಆಮೇಲೆ ವರ್ಷಗಟ್ಟಲೆ ಫೋನಿನಲ್ಲಿ ಆ ಕಥೆಯನ್ನೇ ಹೇಳಿಸುತ್ತಿದ್ದರು. ನಾನು ಮರೆತ ಕಡೆ ಅವರೇ ಎತ್ತಿಕೊಡುತ್ತಿದ್ದರು. ಈಗ ಪ್ಲೇಯರೂ ಇಲ್ಲ, ಅಜ್ಜಿಯೂ ಇಲ್ಲ. ಸಾರನ್ನ ಉಂಡ ಮೇಲೆ ಆ ಅಪ್ಪ ಮಗಳು ಏನು ಮಾಡಿದರೆಂದು ಎಷ್ಟು ತಿಣುಕಿದರೂ ನನಗೆ ನೆನಪಾಗುವುದಿಲ್ಲ. ಸಿನಿಮಾದವರ ರೀಲು ಯಾವುದೋ ಗೋದಾಮಿನಲ್ಲಿ ಎಂದಾದರೂ ಸಿಗಬಹುದು. ನನ್ನದು ಅಜ್ಜಿಯ ಹತ್ತಿರ ಇತ್ತು.